ಬೇಷರತ್ ಕ್ಷಮೆ

ಮುದ್ದಕ್ಕ ಮಜ್ಜಿಗೆ ಕುಡಿಯುವುದನ್ನು ಬಿಟ್ಟಳು. ಮನೆಯಲ್ಲಿ ಮೊದಲು ಗೊತ್ತಾದದ್ದು ಅದೇ. ಮುದ್ದೆ ನುಂಗಿದ ಮೇಲೆ ದೊಡ್ಡ ಲೋಟದ ತುಂಬ ಮಜ್ಜಿಗೆ ಕುಡಿದು, ಸೆರಗಿನಲ್ಲಿ ಬಾಯಿ ಒರೆಸಿಕೊಂಡು, ‘ಶಿವನೇ’ ಎಂದರೇನೇ ಅವಳ ಊಟ ಮುಗಿದಂತೆ. ಈಗ ನಾಲ್ಕು ದಿನದಿಂದ ಲೋಟ ಇಟ್ಟಲ್ಲೇ ಇರುತ್ತಿತ್ತು. ಮುದ್ದೆಯೂ ಅರ್ಧಕ್ಕೆ ಇಳಿದಿತ್ತು.

“ಯಾಕತ್ತೆ, ಹುಳಿಯಾಗೈತಾ?” ಎಂದು ಕಿರಿಸೊಸೆ ಸರ್ವಮಂಗಳ ಕೇಳಿದಳು.

“ಸೇರಾಕಿಲ್ಲ ಕಣೆ.”

“ನೀರಾದ್ರೂ ಕುಡೀರಿ.”

“ಕುಡುದ್ರೆ ಹೋಗ್ಬೇಕಾಗ್ತೈತೆ. ಎಲ್ಲಿಗೆ ಹೋಗ್ಲಿ?”

ಸರ್ವಮಂಗಳ ತಟ್ಟೆ ಎತ್ತಿಕೊಂಡು ಒಲೆಯ ಹತ್ತಿರ ಹೋದಳು. ಎಪ್ಪತ್ತಾರು ವರ್ಷದ ಹೆಂಗಸು, ತಾನೇ ಮಣ್ಣು ಹೊತ್ತು ಕಟ್ಟಿಸಿದ ಮನೆಯಲ್ಲಿ, ಕಕ್ಕಸಿಗೆ ಹೋಗಲು ದಾರಿಯಿಲ್ಲವೆಂದು ಗಂಟಲು ಒಣಗಿಸಿಕೊಂಡು ಕೂತಿದ್ದಳು. ಇದನ್ನು ನಾಜೂಕಾಗಿ ಹೇಳುವುದು ನನಗೆ ಗೊತ್ತಿಲ್ಲ. ಕಕ್ಕಸಿನ ಕಥೆಯನ್ನು ಕಕ್ಕಸು ಎಂದೇ ಹೇಳಬೇಕು. ಓದುವವರಿಗೆ ಹೇಸಿಗೆ ಅನ್ನಿಸಿದರೆ ಅನ್ನಿಸಲಿ, ಮಾಡಿದವರಿಗೆ ಅನ್ನಿಸಲಿಲ್ಲ.

ಶ್ರೀರಾಂಪುರದಿಂದ ಮೂರು ಮೈಲಿ ಒಳಗಿನ ಊರು. ಒಂದರ ಗೋಡೆಗೆ ಇನ್ನೊಂದು ಅಂಟಿಕೊಂಡ ಸಾಲುಮನೆಗಳು. ಮುದ್ದಕ್ಕನ ಗಂಡ ಸತ್ತ ಮೇಲೆ ಊರಿನ ಹಿರಿಯರು ಕೂತು ಉದ್ದನೆಯ ಮನೆಯನ್ನು ಎರಡು ಮಾಡಿದರು. ಬೀದಿ ಕಡೆಯ ಅರ್ಧ ಕಿರಿಯ ಮಗ ಪಾಲಯ್ಯನಿಗೆ, ಹಿಂದಿನ ಅರ್ಧ ದೊಡ್ಡ ಮಗ ಚಿತ್ರಲಿಂಗಪ್ಪನಿಗೆ. ಹಿತ್ತಲು, ಬಚ್ಚಲು, ಆಮೇಲೆ ಮುದ್ದಕ್ಕನ ಹೆಸರಿಗೆ ಪಂಚಾಯಿತಿಯಿಂದ ಬಂದ ಕಕ್ಕಸು, ಇವು ಇಬ್ಬರಿಗೂ ಸೇರಿದ್ದು. ಪಾಲಯ್ಯನ ಕಡೆಯವರು ಹಿತ್ತಲಿಗೆ ಹೋಗಬೇಕಾದರೆ ಚಿತ್ರಲಿಂಗಪ್ಪನ ನಡುಮನೆಯ ಒಂದು ಬದಿಗೆ ಹಾದು ಹೋಗಬೇಕಿತ್ತು. ಹದಿನೆಂಟು ವರ್ಷ ಹಾಗೇ ಹೋದರು, ಬಂದರು. ಯಾರಿಗೂ ಮೈ ಸವೆಯಲಿಲ್ಲ.

ಪಾಲಯ್ಯನಿಗೆ ಮೂವತ್ತು ಕುರಿ, ಎರಡೆಕರೆ ಹೊಲ. ಮುದ್ದಕ್ಕ ಇದ್ದದ್ದು ಅವನ ಜೊತೆ. ಚಿತ್ರಲಿಂಗಪ್ಪ ಪಕ್ಕದೂರಿನ ಸರ್ಕಾರಿ ಹೈಸ್ಕೂಲಿನಲ್ಲಿ ಮೇಷ್ಟ್ರು. ಇಸ್ತ್ರಿ ಕೆಡದ ಬಿಳಿ ಅಂಗಿ, ಜೇಬಿಗೆ ಎರಡು ಪೆನ್ನು. ಊರಿನವರು ಅವನನ್ನು ಕಂಡರೆ ಬೀಡಿ ಮರೆಮಾಡುತ್ತಿದ್ದರು. ಅವನಿಗೂ ಅದು ಗೊತ್ತಿತ್ತು, ಗೊತ್ತಿದ್ದೇ ನಿಧಾನವಾಗಿ ನಡೆಯುತ್ತಿದ್ದ.

ಆ ವರ್ಷ ಯುಗಾದಿ ಕಳೆದ ಮೇಲೆ ಅವನ ಮಗಳನ್ನು ನೋಡಲು ದಾವಣಗೆರೆ ಕಡೆಯವರು ಬಂದರು. ನಡುಮನೆಯಲ್ಲಿ ಜಮಖಾನೆ ಹಾಸಿ ಉಪ್ಪಿಟ್ಟು, ಕೇಸರಿಬಾತು ಕೊಟ್ಟಿದ್ದರು. ಅದೇ ಹೊತ್ತಿಗೆ ಮುದ್ದಕ್ಕನಿಗೆ ಅವಸರವಾಯಿತು. ಎರಡು ವರ್ಷದ ಹಿಂದೆ ಬಿದ್ದು ಸೊಂಟ ಮುರಿದುಕೊಂಡವಳು, ಗೋಡೆ ಹಿಡಿದುಕೊಂಡೇ ನಡೆಯಬೇಕು. ಚೊಂಬು ಹಿಡಿದು, ಬಂದವರ ಬೆನ್ನ ಹಿಂದೆ ಒಂದೊಂದೇ ಹೆಜ್ಜೆ ಇಟ್ಟು ಹಿತ್ತಲಿಗೆ ಹೋದಳು. ಬರುವಾಗ ಸೀರೆಯ ಹಿಂಭಾಗ ಒದ್ದೆಯಾಗಿತ್ತು. ಹುಡುಗನ ಸೋದರಮಾವ ಉಪ್ಪಿಟ್ಟಿನ ತಟ್ಟೆ ಕೆಳಗಿಟ್ಟ. ಸಂಬಂಧ ಕೂಡಿ ಬರಲಿಲ್ಲ. ಆ ಹುಡುಗನಿಗೆ ಬೇರೆ ಕಡೆ ಮಾತಾಗಿತ್ತು ಎಂದು ಆಮೇಲೆ ತಿಳಿಯಿತು. ಆದರೆ ಚಿತ್ರಲಿಂಗಪ್ಪನಿಗೆ ಬೇಕಾದದ್ದು ಆ ಸುದ್ದಿಯಲ್ಲ.

ಮರುವಾರ ಇಟ್ಟಿಗೆ ಬಂದವು.

“ಏನಣ್ಣ ಇದು?” ಎಂದ ಪಾಲಯ್ಯ.

“ಗ್ವಾಡೆ ಕಣಲೇ. ಮನಿ ಅಂದ್ಮೇಲೆ ಒಂದು ಮರ್ಯಾದೆ ಬ್ಯಾಡ್ವಾ? ಸಂತೆಬೀದಿಯೇನು ಇದು, ಎಲ್ರೂ ಚೊಂಬು ಹಿಡ್ಕಂಡು ಓಡಾಡಾಕೆ?”

“ಅವ್ವ ಎಲ್ಲಿಗೆ ಹೋಗ್ಬೇಕು?”

“ಬೀದಿ ಸುತ್ಕಂಡು ಹೋಗ್ಲಿ. ನೀವು ಕುರಿ ಕಾಯೋರು, ನಿಮಗೆ ಬಯ್ಲು ಹೊಸದಾ?”

ಅವನ ಅಪ್ಪನೂ ಕುರಿ ಕಾಯ್ದೇ ಅವನನ್ನು ಬಿ.ಎಡ್ ಓದಿಸಿದ್ದು. ಪಾಲಯ್ಯನ ಬಾಯಿಗೆ ಆ ಮಾತು ಬಂದಿರಬೇಕು, ಆದರೆ ಹೊರಗೆ ಬರಲಿಲ್ಲ. ಕೋಲು ತೆಗೆದುಕೊಂಡು ಕುರಿ ಹೊಡೆದುಕೊಂಡು ಹೋದ. ಆತ ಒಳ್ಳೆಯವನು. ಒಳ್ಳೆಯವರು ಹೀಗೆ ಕುರಿ ಹೊಡೆದುಕೊಂಡು ಹೋಗುವುದರಿಂದಲೇ ಎಷ್ಟೋ ಗೋಡೆಗಳು ಏಳುತ್ತವೆ.

ಸರ್ವಮಂಗಳ ಎಸ್‌ಎಸ್‌ಎಲ್‌ಸಿ ಓದಿದವಳು. ಏಳುತ್ತಿದ್ದ ಗೋಡೆ ದಾರಿ ಕಟ್ಟಿ, ಅತ್ತೆ ಮಜ್ಜಿಗೆ ಬಿಟ್ಟ ಐದನೆಯ ದಿನ ಪಾಲುಪಟ್ಟಿಯನ್ನು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿಕೊಂಡು ಹೊಸದುರ್ಗದ ಬಸ್ಸು ಹತ್ತಿದಳು. ವಕೀಲ ಶಿವಕುಮಾರಪ್ಪ ಅವಳ ತವರಿನ ಕಡೆಯವರು. ಮಾತು ಕಮ್ಮಿ, ಅವಸರ ಜಾಸ್ತಿ.

“ಏನಮ್ಮ ಬೇಕು ನಿಮಗೆ?”

“ಎರಡು ಸಾರ್. ಅತ್ತೆಗೆ ದಾರಿ ಬಿಡ್ಬೇಕು. ಆಮ್ಯಾಲೆ ಭಾವ ಅತ್ತೆ ಮುಂದೆ ನಿಂತು, ತಪ್ಪಾತು ಅವ್ವ ಅನ್ಬೇಕು.”

“ಮೊದಲ್ನೇದು ಬರೀತೀನಿ. ಎರಡ್ನೇದು ಅರ್ಜೀಲಿ ಬರಿಯಾಕೆ ಬರಲ್ಲ.”

“ನನಗೆ ಎರಡ್ನೇದೇ ದೊಡ್ಡದು ಸಾರ್. ಅವ್ರು ಊಟ ಬಿಟ್ಟವ್ರೆ. ಮಗನ ಕಣ್ಣಿಗೆ ನಾನು ಹೊಲಸಾಗಿ ಕಂಡೆ ಅನ್ನೋದು ಅವ್ರ ಎದೆಯಾಗೆ ಕುಂತೈತೆ.”

ವಕೀಲರು ತಲೆಯಾಡಿಸಿ ಮುಂದಿನ ಕಾಗದ ಎಳೆದುಕೊಂಡರು. ಅರ್ಜಿ ಮುದ್ದಕ್ಕನ ಹೆಸರಿನಲ್ಲಿ ಹೋಯಿತು. ಓಡಾಡಲಾರಳೆಂದು ಸೊಸೆಗೆ ಅಧಿಕಾರಪತ್ರ. ಮಗನ ಮೇಲಿನ ಅರ್ಜಿಗೆ ಹೆಬ್ಬೆಟ್ಟು ಒತ್ತುವಾಗ ಮುದ್ದಕ್ಕ ಬೆರಳನ್ನು ಎರಡು ಸಲ ಹಿಂದಕ್ಕೆ ತೆಗೆದುಕೊಂಡಳು.

“ಜೈಲಿಗೆ ಹಾಕಾಕಿಲ್ಲ ತಾನೆ?”

“ಇಲ್ಲತ್ತೆ. ದಾರಿ ಬಿಡು ಅಂತ ಹೇಳ್ತಾರೆ ಅಷ್ಟೆ.”

ತಡೆಯಾಜ್ಞೆ ಬೇಗ ಸಿಕ್ಕಿತು. ಒಂದು ಶನಿವಾರ ಕೋರ್ಟಿನ ಅಮೀನ ಬಂದು ಚಿತ್ರಲಿಂಗಪ್ಪನ ಕೈಗೆ ಕೊಟ್ಟ. ಗೋಡೆ ಆಗ ಸೊಂಟದೆತ್ತರಕ್ಕೆ ಬಂದಿತ್ತು. ಅಮೀನ ಅದನ್ನು ಅಳೆದು ತನ್ನ ವರದಿಯಲ್ಲಿ ಬರೆದುಕೊಂಡ. ಚಿತ್ರಲಿಂಗಪ್ಪ ಇಂಗ್ಲಿಷಿನಲ್ಲಿ ಸಹಿ ಹಾಕಿ, ಅಮೀನನಿಗೆ ಟೀ ಕುಡಿಸಿ, ಬಸ್ ನಿಲ್ದಾಣದ ತನಕ ಬೈಕಿನಲ್ಲಿ ಬಿಟ್ಟು ಬಂದ. ಭಾನುವಾರ ಬೆಳಿಗ್ಗೆ ಗಾರೆಯವನನ್ನು ಕರೆಸಿ ಸಂಜೆಯೊಳಗೆ ಗೋಡೆಯನ್ನು ಸೂರಿಗೆ ಮುಟ್ಟಿಸಿದ.

ಬರೀ ಗೋಡೆಯಾಗಿದ್ದರೆ ಒಡೆಯಬಹುದಿತ್ತು. ಅವನು ನಡುವೆ ಒಂದು ಗೂಡು ಬಿಡಿಸಿದ್ದ. ಅದರೊಳಗೆ ಮನೆದೇವರು ಬೀರಪ್ಪನ ಪೆಟ್ಟಿಗೆ ತಂದಿಟ್ಟು, ಬೆಳ್ಳಿಮುಖ ನಿಲ್ಲಿಸಿ, ಅರಿಸಿನದ ಭಂಡಾರ ಹಚ್ಚಿ, ಪೂಜಾರಿ ಜುಂಜಣ್ಣನಿಂದ ಕಾಯಿ ಒಡೆಸಿದ. ಆ ಕಡೆಯಿಂದಲೂ ಕಾಣುತ್ತದೆ, ಈ ಕಡೆಯಿಂದಲೂ ಕಾಣುತ್ತದೆ. ದೇವರು ಕೂತ ಗೋಡೆಗೆ ಆ ಸೀಮೆಯಲ್ಲಿ ಯಾವ ಕೂಲಿಯವನೂ ಹಾರೆ ಹಾಕುವುದಿಲ್ಲ. ಕೋರ್ಟೂ ಹಾಕಿಸುವುದಿಲ್ಲ ಎಂದು ಇಷ್ಟು ಓದಿದವನು ನಂಬಿದ.

ಪಾಲಯ್ಯ ಸಂಜೆ ಬಂದವನು ಗೂಡು ನೋಡಿದ. ಚಪ್ಪಲಿ ಬಿಟ್ಟು ಕೈ ಮುಗಿದ.

ಸರ್ವಮಂಗಳ ಹಿಟ್ಟಿನ ಕೈಯಲ್ಲೇ ಎದ್ದು ಬಂದಳು. “ಕೈ ಮುಗೀತೀರಾ? ಒಡೀರಿ ಅದನ್ನ!”

“ದೇವ್ರು ಐತೆ ಕಣೆ.”

“ದೇವ್ರನ್ನ ಯಾರು ಕೇಳಿ ಕುಂಡ್ರಿಸಿದ್ರು? ಹೆತ್ತವ್ವನ ದಾರಿಗೆ ಅಡ್ಡ ಕುಂತ್ಕ ಅಂದ್ರೆ ಬೀರಪ್ಪ ಕುಂತ್ಕಂತಾನಾ?”

“ಅಪ್ಪಣೆ ಕೊಟ್ಟೈತಂತೆ. ಹೂ ಕೇಳವ್ರೆ.”

ಹೂ ಕೇಳುವುದೆಂದರೆ ದೇವರ ಮುಖದ ಎರಡೂ ಕಡೆಗೆ ನೀರು ಸವರಿ ಹೂವು ಅಂಟಿಸಿ ಕಾಯುವುದು. ಬಲಗಡೆಯದು ಮೊದಲು ಬಿದ್ದರೆ ಅಪ್ಪಣೆ, ಎಡಗಡೆಯದು ಬಿದ್ದರೆ ಇಲ್ಲ. ಗೋಡೆಯಲ್ಲಿ ಕೂರಲು ಬೀರಪ್ಪ ಬಲಕ್ಕೆ ಕೊಟ್ಟನಂತೆ. ಅಲ್ಲಿಂದ ಏಳಲು ಒಪ್ಪುತ್ತೀಯಾ ಎಂದು ಒಂದು ವಾರ ಬಿಟ್ಟು ಊರ ಹಿರಿಯರ ಮುಂದೆ ಕೇಳಿದಾಗ ಎಡಕ್ಕೆ ಕೊಟ್ಟ. ಹಿರಿಯರು ಪಂಚೆ ಕೊಡವಿ ಎದ್ದು ಹೋದರು.

ಆಮೇಲಿನ ನಾಲ್ಕು ತಿಂಗಳನ್ನು ಹೇಗೆ ಹೇಳುವುದು? ಮೊದಲ ವಾರ ಪಾಲಯ್ಯ ಬೆಳಗಾಗುತ್ತಲೇ ಅವ್ವನನ್ನು ಬೆನ್ನ ಮೇಲೆ ಹೊತ್ತು ಹನ್ನೊಂದು ಮನೆ ದಾಟಿ, ಸಾಲು ಸುತ್ತಿ, ಕೆರೆ ಪಕ್ಕದ ಜಾಲಿಗಿಡಗಳ ಮರೆಗೆ ಕೂರಿಸಿ ಬರುತ್ತಿದ್ದ. ನಲ್ಲಿಯ ಹತ್ತಿರ ನಿಂತ ಹೆಂಗಸರು ಸೆರಗು ಮೂಗಿಗೆ ಹಿಡಿಯುತ್ತಿದ್ದರು. ಮುದ್ದಕ್ಕ ಮಗನ ಹೆಗಲಿಗೆ ಮುಖ ಒತ್ತಿಕೊಂಡಿರುತ್ತಿದ್ದಳು. ಎಂಟನೆಯ ದಿನ ಒಲ್ಲೆನೆಂದಳು. ಅಲ್ಲಿಂದ ಮುಂದೆ ಬೀದಿಮನೆಯ ಮೂಲೆಗೆ ಸೀರೆ ಕಟ್ಟಿ ಬಕೆಟ್ ಇಟ್ಟರು. ಅದೇ ಕೋಣೆಯ ಇನ್ನೊಂದು ಮೂಲೆಯಲ್ಲಿ ಒಲೆ. ಮುದ್ದೆ ತಿರುವುವಾಗ ಆ ಕಡೆಯಿಂದ ವಾಸನೆ. ಸರ್ವಮಂಗಳ ಊದುಬತ್ತಿ ಹಚ್ಚಿಟ್ಟಳು. ಎರಡೂ ಸೇರಿ ಬಂದ ವಾಸನೆ ಇನ್ನೂ ಕೆಟ್ಟದಾಗಿತ್ತು.

ಬಕೆಟ್ಟಿಗೆ ಮುಚ್ಚಳ ಹಾಕಿ ಬೀದಿಯಲ್ಲಿ ಎತ್ತಿಕೊಂಡು ಹೋಗುವವಳೂ ಅವಳೇ. ಪಕ್ಕದ ಮನೆಯ ಉಚ್ಚಂಗಮ್ಮ ಒಂದು ದಿನ ಜಗಲಿಯ ಮೇಲಿಂದ, “ಏನೇ ಮಂಗಳ, ಯಾವ ಹೊಲಕ್ಕೆ ಬುತ್ತಿ ಹೊಂಟೈತೆ?” ಎಂದು ಕೇಳಿ ನಕ್ಕಳು. ಸರ್ವಮಂಗಳ ಅಲ್ಲೇ ನಿಂತು ಮುಚ್ಚಳ ತೆಗೆದು, “ಬಾ, ನಿಂಗೂ ಬಡಿಸ್ತೀನಿ,” ಎಂದಳು. ಉಚ್ಚಂಗಮ್ಮ ಒಳಗೆ ಓಡಿದಳು. ಆಮೇಲೆ ಯಾರೂ ನಗಲಿಲ್ಲ, ಆದರೆ ಯಾರೂ ಮಾತಾಡಿಸಲೂ ಇಲ್ಲ.

ಚಿತ್ರಲಿಂಗಪ್ಪನ ಹೆಂಡತಿ ಬರಗೇರಮ್ಮ ಒಮ್ಮೆ ಗಂಡ ಶಾಲೆಗೆ ಹೋದ ಮೇಲೆ, ಅವನು ಒಳಗಿನಿಂದ ಚಿಲಕ ಹಾಕಿಸಿದ್ದ ಹಿತ್ತಲಿನ ಗೇಟು ತೆಗೆದು, “ಅತ್ತೀನ ಕರ್ಕಂಡು ಬಾರೆ, ಬಿರ್ರನೆ,” ಎಂದಿದ್ದಳು. ಆ ಒಂದು ದಿನ ಮುದ್ದಕ್ಕ ತನ್ನ ಕಕ್ಕಸಿನಲ್ಲಿ ಕೂತು ಬಂದಳು. ಯಾರು ಹೇಳಿದರೋ, ಸಂಜೆ ಗೇಟಿಗೆ ಬೀಗ ಬಿತ್ತು. ಬೀಗದ ಕೈಯನ್ನು ಚಿತ್ರಲಿಂಗಪ್ಪ ಅಂಗಿಯ ಜೇಬಿಗೆ ಹಾಕಿಕೊಂಡೇ ಶಾಲೆಗೆ ಹೋಗುತ್ತಿದ್ದ. ಆ ತಿಂಗಳು ಅವನು ಎಂಟನೇ ತರಗತಿಗೆ ಗ್ರಾಮನೈರ್ಮಲ್ಯದ ಪಾಠ ಮಾಡಿದ. ಚೆನ್ನಾಗಿ ಮಾಡಿದನಂತೆ.

ಸರ್ವಮಂಗಳ ಮತ್ತೆ ಹೊಸದುರ್ಗಕ್ಕೆ ಹೋದಳು.

“ಆರ್ಡರ್ ಕೈಗೆ ಬಂದ ಮ್ಯಾಲೆ ಕಟ್ಟವ್ರಾ?” ಶಿವಕುಮಾರಪ್ಪನವರಿಗೆ ಮೊದಲ ಸಲ ಸಿಟ್ಟು ಬಂದದ್ದನ್ನು ಅವಳು ನೋಡಿದಳು. “ಹಂಗಾದ್ರೆ ಇದಿನ್ನು ನಿಮ್ಮನೆ ಜಗಳ ಅಲ್ಲಮ್ಮ. ಕೋರ್ಟಿಗೇ ಮಾಡಿದ ಅವಮಾನ. ಕಂಟೆಂಪ್ಟ್ ಹಾಕಾಣ. ಮೂರು ತಿಂಗ್ಳು ಸಿವಿಲ್ ಜೈಲು ಐತೆ.”

“ಜೈಲು ಬ್ಯಾಡ ಸಾರ್, ಅತ್ತೆ ಒಪ್ಪಾಕಿಲ್ಲ. ಕ್ಷಮೆ ಕೇಳಂಗೆ ಆಗ್ತೈತಾ?”

“ಕೇಳ್ಲೇಬೇಕು. ಬೇಷರತ್ ಕ್ಷಮೆ. ಅದಿಲ್ದೆ ಜಡ್ಜು ಕೇಸು ಮುಗಸಾಕಿಲ್ಲ.”

ಬಸ್ಸಿನಲ್ಲಿ ಕೂತು ಬರುವಾಗ ಸರ್ವಮಂಗಳಳಿಗೆ ಬಹಳ ದಿನದ ಮೇಲೆ ಹಸಿವಾಯಿತು. ಶ್ರೀರಾಂಪುರದಲ್ಲಿ ಇಳಿದು ಮೆಣಸಿನಕಾಯಿ ಬಜ್ಜಿ, ಮಂಡಕ್ಕಿ ಕಟ್ಟಿಸಿಕೊಂಡು ಬಂದಳು. ಅತ್ತೆಗೆ ಎರಡು ಹಿಡಿ ಮಂಡಕ್ಕಿ ನೆನೆಸಿ ಕೊಡುತ್ತಾ ವಿಷಯ ಹೇಳಿದಳು.

“ಬೇಷರತ್ ಅಂದ್ರೇನೆ?”

“ಅದು ಹಂಗಾತು, ಇದು ಹಿಂಗಾತು ಅನ್ನಂಗಿಲ್ಲ. ಸುಮ್ನೆ, ತಪ್ಪಾತು ಅನ್ನೋದು.”

ಮುದ್ದಕ್ಕ ಮಂಡಕ್ಕಿ ಅಗಿಯುವುದನ್ನು ನಿಲ್ಲಿಸಿದಳು. “ಹಂಗೆ ಅಂತಾನಂತಾ?”

“ಅನ್ಲೇಬೇಕಂತೆ.”

“ಸಣ್ಣೋನಾಗಿದ್ದಾಗ್ಲೂ ಅವ ಅಂದೋನಲ್ಲ,” ಎಂದು ಮುದ್ದಕ್ಕ ಸ್ವಲ್ಪ ನಕ್ಕಳು. ಆ ರಾತ್ರಿ ಅರ್ಧ ಲೋಟ ಮಜ್ಜಿಗೆ ಕುಡಿದಳು.

ಕೇಸು ನಡೆಯಿತು. ಮೊದಲ ತಾರೀಖಿಗೆ ಚಿತ್ರಲಿಂಗಪ್ಪನ ವಕೀಲ, ಆಜ್ಞೆ ಬರುವ ಮೊದಲೇ ಗೋಡೆ ಮುಗಿದಿತ್ತು ಎಂದ. ಅಮೀನನ ವರದಿಯಲ್ಲಿ ಸೊಂಟದೆತ್ತರ ಎಂದಿತ್ತು. ಎರಡನೆಯ ತಾರೀಖಿಗೆ, ದೇವರು ಏಳಲು ಅಪ್ಪಣೆ ಕೊಡುತ್ತಿಲ್ಲ, ತನ್ನ ಕಕ್ಷಿದಾರ ಭಕ್ತಿಗೆ ಕಟ್ಟುಬಿದ್ದಿದ್ದಾನೆ ಎಂದ. ನ್ಯಾಯಾಧೀಶರು ಕನ್ನಡಕದ ಮೇಲಿಂದ ನೋಡಿ, ಮುಂದಿನ ತಾರೀಖಿಗೆ ಭಕ್ತರೇ ಖುದ್ದಾಗಿ ಬರಲಿ, ಗೋಡೆ ಇದ್ದರೆ ಇಲ್ಲಿಂದಲೇ ಜೈಲಿಗೆ ಎಂದರು. ಆ ಮಾತಿಗೆ ವಕೀಲ ದೇವರ ಸುದ್ದಿ ಬಿಟ್ಟು ಕಾಗದ ಮಡಚಿಕೊಂಡ.

ಸರ್ಕಾರಿ ನೌಕರ ಎರಡು ದಿನ ಬಂಧನದಲ್ಲಿದ್ದರೆ ಕೆಲಸದಿಂದ ಅಮಾನತು. ಚಿತ್ರಲಿಂಗಪ್ಪನಿಗೆ ಹೆಡ್‌ಮಾಸ್ಟರ್ ಬಡ್ತಿಯ ಪಟ್ಟಿಯಲ್ಲಿ ಹೆಸರು ಬಂದಿತ್ತು. ಶನಿವಾರ ಮನೆಗೆ ಬಂದವನು ಊಟ ಮಾಡಲಿಲ್ಲ. ಭಾನುವಾರ ಎಂಟು ಗಂಟೆಗೆ ಜುಂಜಣ್ಣನನ್ನು ಕರೆಸಿದ. ಜುಂಜಣ್ಣ ಎಡಗಡೆಯ ಹೂವನ್ನು ನೀರು ಸವರಿ ಗಟ್ಟಿಯಾಗಿ ಒತ್ತಿದ. ಬಲಗಡೆಯದನ್ನು ಒಣಗಿದ ಬೆಳ್ಳಿಗೆ ಸುಮ್ಮನೆ ಆನಿಸಿ ಇಟ್ಟ. ಬರಗೇರಮ್ಮ ಪಕ್ಕದಲ್ಲೇ ಆರತಿ ತಟ್ಟೆ ಹಿಡಿದು ಎಲ್ಲವನ್ನೂ ನೋಡಿದಳು. ಜುಂಜಣ್ಣ ಕೈ ಬಿಡುವ ಮೊದಲೇ ಹೂವು ಬಿತ್ತು.

“ಬಲಕ್ಕೆ ಕೊಡ್ತು!” ಎಂದು ಚಿತ್ರಲಿಂಗಪ್ಪ ಕಣ್ಣಿಗೆ ಒತ್ತಿಕೊಂಡ. ನಾಲ್ಕು ತಿಂಗಳು ಕಲ್ಲಾಗಿ ಕೂತಿದ್ದ ಬೀರಪ್ಪ ಅಮಾನತಿನ ಹೆಸರು ಕೇಳಿ ಎದ್ದುಬಿಟ್ಟಿದ್ದ. ದೇವರನ್ನು ಹೀಗೆ ಬಳಸುವವರಿಗೆ ದೇವರ ಭಯವೂ ಇರುವುದಿಲ್ಲ, ಇರುವುದೆಲ್ಲ ಸಂಬಳದ ಭಯ.

ಹಾರೆಯ ಮೊದಲ ಏಟು ಅವನೇ ಹಾಕಿದ. ಮಧ್ಯಾಹ್ನದ ಹೊತ್ತಿಗೆ ಗೋಡೆ ಬಿತ್ತು. ಎರಡೂ ಮನೆಯ ಅನ್ನದ ಪಾತ್ರೆಯಲ್ಲಿ ಇಟ್ಟಿಗೆ ಪುಡಿ. ಸರ್ವಮಂಗಳ ಧೂಳು ಗುಡಿಸುತ್ತಾ ಇದ್ದಾಗ ಅವನು ಹೊಸದುರ್ಗದ ಫೋಟೋ ಸ್ಟುಡಿಯೋದವನನ್ನು ಬೈಕಿನಲ್ಲಿ ಕೂರಿಸಿಕೊಂಡು ಬಂದ. ಬಯಲಾದ ದಾರಿಯ ಫೋಟೋ ತೆಗೆಸಿದ. ಕಕ್ಕಸಿನ ಬಾಗಿಲು ತೆಗೆಸಿ ಫೋಟೋ. ಕೋರ್ಟಿಗೆ ತಾರೀಖು ಕಾಣಲೆಂದು ಅಂದಿನ ಪೇಪರ್ ಹಿಡಿದು ತಾನೇ ನಿಂತು ಫೋಟೋ.

ಮುದ್ದಕ್ಕ ಬಾಗಿಲಲ್ಲಿ ಕೂತು ಇದನ್ನೆಲ್ಲ ನೋಡಿದಳು. ತಡೆದುಕೊಂಡು ತಡೆದುಕೊಂಡು ಕೊನೆಗೆ ಚೊಂಬು ಹಿಡಿದು ಎದ್ದಳು. ನಾಲ್ಕು ತಿಂಗಳ ಮೇಲೆ ತನ್ನ ಮನೆಯೊಳಗೆ ಗೋಡೆ ಹಿಡಿದು ನಡೆದಳು. ಬೆಳಕು ಪಕ್ಕನೆ ಹೊಡೆಯಿತು. ಅವಳು ಬೆಚ್ಚಿ ನಿಂತಳು.

“ಮುಖ ಬಂದಿಲ್ಲ ಸಾರ್, ಆ ಕಡೆ ತಿರುಗಿಬಿಟ್ರು,” ಎಂದ ಫೋಟೋದವನು.

ಚಿತ್ರಲಿಂಗಪ್ಪ ಹತ್ತಿರ ಬಂದ. ನಾಲ್ಕು ತಿಂಗಳಲ್ಲಿ ಹೆತ್ತ ತಾಯಿಗೆ ಅವನು ಆಡಿದ ಮೊದಲ ಮಾತು ಇದು: “ಅವ್ವ, ಒಂದ್ಸಲ ಹಿಂದಕ್ಕೆ ಹೋಗಿ ಮತ್ತೆ ಬಾ. ಚೊಂಬು ಕಾಣಂಗೆ ಹಿಡ್ಕ.”

ಮುದ್ದಕ್ಕ ಹಿಂದಕ್ಕೆ ಹೋಗಿ ಮತ್ತೆ ಬಂದಳು. ಚೊಂಬು ಕಾಣುವಂತೆ ಹಿಡಿದುಕೊಂಡಳು. ಸರ್ವಮಂಗಳಳ ಕೈಯಲ್ಲಿ ಪೊರಕೆಯಿತ್ತು. ಅದನ್ನು ಅವನ ಬಿಳಿ ಅಂಗಿಯ ಮೇಲೆ ಬೀಸದೆ ಹೇಗೆ ಸುಮ್ಮನಿದ್ದಳೋ, ಅವಳಿಗೇ ಗೊತ್ತಿಲ್ಲ.

ಸಂಜೆ ಅವನು ತಮ್ಮನ ಕಡೆಗೆ ಬಂದ. ಕೈಯಲ್ಲಿ ಟೈಪಾದ ಕಾಗದ. ಆ ಮನೆತನದಲ್ಲಿ ಭಾವ ತಮ್ಮನ ಹೆಂಡತಿಯೊಂದಿಗೆ ನೇರವಾಗಿ ಮಾತಾಡುವುದಿಲ್ಲ, ಹಾಗಾಗಿ ಎಲ್ಲವನ್ನೂ ಪಾಲಯ್ಯನ ಮುಖ ನೋಡಿ ಹೇಳಿದ.

“ಲೇ ಪಾಲ, ದಾರಿ ಬಿಟ್ಟಾತು. ಇನ್ನು ತಕರಾರಿಲ್ಲ ಅಂತ ಒಂದು ಮೆಮೊ. ಅವ್ವನ ಹೆಬ್ಬೆಟ್ಟು ಹಾಕ್ಸು. ನಾಡಿದ್ದು ಕೋರ್ಟಾಗೆ ಕೊಟ್ರೆ ಕಂಟೆಂಪ್ಟು ಮುಗೀತೈತೆ.”

“ಹಾಕ್ಸಾಣ ಬಿಡಣ್ಣ,” ಎಂದ ಪಾಲಯ್ಯ.

“ಹಾಕ್ಸಾಕಿಲ್ಲ,” ಎಂದಳು ಸರ್ವಮಂಗಳ. ಅವಳೂ ಗಂಡನ ಮುಖ ನೋಡಿಯೇ ಹೇಳಿದಳು. “ಅಗಾ, ಅವ್ವ ಅಲ್ಲೇ ಕುಂತವ್ರೆ. ಹೋಗಿ ಒಂದ್ಮಾತು, ತಪ್ಪಾತು ಅನ್ಲಿ. ಆಮ್ಯಾಲೆ ಹೆಬ್ಬೆಟ್ಟು.”

“ಅಫಿಡವಿಟ್‌ನಾಗೆ ಎಲ್ಲಾ ಬರ್ದೀನಿ ಕಣಲೇ! ಬೇಷರತ್ ಕ್ಷಮೆ. ಎರಡು ಪುಟ. ಹೇಳು ನಿನ್ನ ಹೆಂಡ್ತಿಗೆ.”

“ಎರಡು ಪುಟ ಯಾಕೆ, ಎರಡು ಹೆಜ್ಜೆ ಐತೆ ಅಲ್ಲಿಗೆ.”

“ಕೋರ್ಟಾಗೆ ಎಲ್ರ ಮುಂದೆ ಕೇಳ್ತೀನಲ್ಲ, ಮತ್ತಿಲ್ಲಿ ಬ್ಯಾರೆ ಕೇಳ್ಬೇಕಾ? ಏನು ನಾನು ನಿಮ್ಮನಿ ಆಳಾ?”

ಮುದ್ದಕ್ಕ ಮೂಲೆಯಿಂದ ಕರೆದಳು. “ಮಂಗಳ, ತತ್ತಾರೆ ಆ ಕಾಗ್ದ.”

“ಅತ್ತೆ...”

“ಎಲ್ರ ಮುಂದೆ ಕೇಳ್ತೀನಿ ಅಂತಾನಲ್ಲೆ. ಅದು ಇನ್ನೂ ದೊಡ್ಡದಲ್ವಾ? ಮಗ ಜೈಲಿಗೆ ಹೋಗಿ ನಾನೇನು ಉಣ್ಣಲಿ?”

ಹೆಬ್ಬೆಟ್ಟು ಬಿತ್ತು. ಚಿತ್ರಲಿಂಗಪ್ಪ ಶಾಯಿ ಒಣಗಲೆಂದು ಕಾಗದಕ್ಕೆ ಬಾಯಿಂದ ಗಾಳಿ ಊದಿಕೊಂಡು ಹೊರಟುಹೋದ. ಅತ್ತೆಯ ಬೆರಳಿನ ಶಾಯಿಯನ್ನು ಸರ್ವಮಂಗಳ ಸೀಮೆಎಣ್ಣೆ ಹಾಕಿ ಒರೆಸಿದಳು.

ಮಂಗಳವಾರ ಕೋರ್ಟು. ಮುದ್ದಕ್ಕನಿಗೆ ಬಸ್ಸು ಹತ್ತಲಾಗುವುದಿಲ್ಲ. ಸರ್ವಮಂಗಳ, ಪಾಲಯ್ಯ ಇಬ್ಬರೇ ಹೋದರು. ಹನ್ನೆರಡರ ಸುಮಾರಿಗೆ ಕೂಗಿದರು. ಚಿತ್ರಲಿಂಗಪ್ಪ ಹೊಸ ಅಂಗಿ ಹಾಕಿಕೊಂಡು ಬಂದಿದ್ದ. ಕಟಕಟೆಯ ಹತ್ತಿರ ಹೋಗುವ ಮೊದಲೇ ಕೈ ಜೋಡಿಸಿ ಬಗ್ಗಿದ. ಇಷ್ಟು ಬಗ್ಗುವುದು ಅವನ ಸೊಂಟಕ್ಕೆ ಬರುತ್ತದೆಂದು ಆ ಮನೆಯವರಿಗೆ ಯಾರಿಗೂ ಗೊತ್ತಿರಲಿಲ್ಲ.

“ಸ್ವಾಮಿ, ಘನ ನ್ಯಾಯಾಲಯದ ಆಜ್ಞೆಯನ್ನು ಉಲ್ಲಂಘಿಸಿದ್ದು ನನ್ನ ಮಹಾಪರಾಧ. ನ್ಯಾಯಾಲಯದ ಬಗ್ಗೆ ನನಗೆ ಅಪಾರ ಗೌರವವಿದೆ. ಘನ ನ್ಯಾಯಾಲಯದ ಮನಸ್ಸಿಗೆ ನೋವಾಗಿದ್ದರೆ ಬೇಷರತ್ ಕ್ಷಮೆ ಕೋರುತ್ತೇನೆ.”

ಕಣ್ಣಲ್ಲಿ ನೀರಿತ್ತು. ನಾಟಕವಲ್ಲ, ನಿಜವಾದ ನೀರು. ನಾಲ್ಕು ತಿಂಗಳು ಬಕೆಟ್ ಹೊತ್ತಾಗಲೂ ಸರ್ವಮಂಗಳಳಿಗೆ ಇಷ್ಟು ಹೇಸಿಗೆಯಾಗಿರಲಿಲ್ಲ. ಎರಡು ಪುಟದ ಅಫಿಡವಿಟ್ಟನ್ನು ಶಿವಕುಮಾರಪ್ಪನವರು ಅವಳ ಕೈಗೆ ಕೊಟ್ಟರು. ಅವಳು ಮೊದಲಿನಿಂದ ಕೊನೆಯ ತನಕ ಬೆರಳಿಟ್ಟು ಓದಿದಳು. ಘನ ನ್ಯಾಯಾಲಯ ಎಂದು ಹದಿನಾಲ್ಕು ಕಡೆ ಇತ್ತು. ತಾಯಿ ಎಂದು ಎಲ್ಲಿಯೂ ಇರಲಿಲ್ಲ. ಇದ್ದದ್ದು ಅರ್ಜಿದಾರಳು ಎಂದು, ಒಂದೇ ಕಡೆ.

ಫೋಟೋಗಳು ಮೇಲೆ ಹೋದವು. ನ್ಯಾಯಾಧೀಶರು ಒಂದೊಂದನ್ನೇ ನೋಡಿದರು. ಮುದ್ದಕ್ಕ ಚೊಂಬು ಹಿಡಿದು ಕಕ್ಕಸಿಗೆ ಹೊರಟ ಫೋಟೋ ಗುಮಾಸ್ತನ ಕೈಯಿಂದ ವಕೀಲರ ಕೈಗೆ, ಅಲ್ಲಿಂದ ಇನ್ನೊಬ್ಬ ವಕೀಲರ ಕೈಗೆ ದಾಟಿತು.

“ಅರ್ಜಿದಾರರ ಕಡೆಯವರು ಯಾರು? ನೀವೇನಮ್ಮ? ದಾರಿ ಬಿಟ್ಟಿದ್ದಾರಾ?”

“ಬಿಟ್ಟವ್ರೆ ಸ್ವಾಮಿ.”

“ನಿಮ್ಮತ್ತೆ ಓಡಾಡ್ತಿದ್ದಾರಾ?”

“ಓಡಾಡ್ತವ್ರೆ. ಆದ್ರೆ ಸ್ವಾಮಿ, ಅತ್ತೆಗೆ ಒಂದ್ಮಾತು...”

“ಹೇಳಿ. ಇನ್ನ್ಯಾವುದಾದರೂ ಅಡ್ಡಿ ಇದೆಯಾ? ಬೀಗ, ಬೇಲಿ?”

ಅವರು ಒಳ್ಳೆಯ ಮನುಷ್ಯ. ನಿಜವಾಗಿಯೂ ಕಾಯ್ದರು. ಸರ್ವಮಂಗಳ ಬಾಯಿ ತೆರೆದಳು. ಬೀಗವಿರಲಿಲ್ಲ, ಬೇಲಿಯಿರಲಿಲ್ಲ. ಇದ್ದ ತಕರಾರಿಗೆ ಕೋರ್ಟಿನಲ್ಲಿ ಹೆಸರಿರಲಿಲ್ಲ.

“ಇಲ್ಲ ಸ್ವಾಮಿ.”

“ಮೇಷ್ಟ್ರೇ, ಮಕ್ಕಳಿಗೆ ಪಾಠ ಹೇಳುವವರು ನೀವು. ಇನ್ನೊಮ್ಮೆ ಹೀಗಾದರೆ ಕ್ಷಮೆ ಇಲ್ಲ,” ಎಂದು ಗದರಿ, ನ್ಯಾಯಾಧೀಶರು ಬರೆಸಿದರು: ಆಜ್ಞೆ ಪಾಲನೆಯಾಗಿದೆ, ಅರ್ಜಿದಾರರ ದೂರು ಇತ್ಯರ್ಥವಾಗಿದೆ, ಎದುರುದಾರರ ಬೇಷರತ್ ಕ್ಷಮೆಯನ್ನು ಸ್ವೀಕರಿಸಿ ನಿಂದನಾ ಅರ್ಜಿಯನ್ನು ಮುಕ್ತಾಯಗೊಳಿಸಿದೆ. ನಾಲ್ಕು ತಿಂಗಳ ಹೊಲಸಿಗೆ ನಾಲ್ಕು ನಿಮಿಷ ಹಿಡಿಯಿತು. ಮುಂದಿನ ಕೇಸು ಕೂಗಿದರು.

ಹೊರಗೆ ಹುಣಸೆಮರದ ಕೆಳಗೆ ಚಿತ್ರಲಿಂಗಪ್ಪ ಎರಡೂ ಕಡೆಯ ವಕೀಲರಿಗೆ ಕೈ ಮುಗಿದ. ಗುಮಾಸ್ತನಿಗೆ ಮುಗಿದ. ಕೂಗುವ ಜವಾನನಿಗೂ ಮುಗಿದ. ಹಗುರಾಗಿದ್ದ. “ಲೇ ಪಾಲ, ಬರ್ರಿ, ಕಾಫಿ ಕುಡಿಯಾಣ. ಆದದ್ದು ಆತು,” ಎಂದ.

ಪಾಲಯ್ಯನ ಕಾಲು ಆ ಕಡೆ ತಿರುಗಿತು. ಹೆಂಡತಿಯ ಮುಖ ನೋಡಿ ನಿಂತ. ಆಮೇಲೆ, “ನೀನು ಕುಡಿಯಣ್ಣ,” ಎಂದ. ಇಷ್ಟು ತಿಂಗಳಲ್ಲಿ ಅವನು ಅಣ್ಣನಿಗೆ ಎದುರಾಡಿದ್ದು ಅಷ್ಟೇ.

ಅವರು ಊರು ಮುಟ್ಟಿದಾಗ ನಾಲ್ಕು ಗಂಟೆ. ಮುದ್ದಕ್ಕ ತಲೆ ಬಾಚಿಕೊಂಡು, ಮಡಿಸಿಟ್ಟಿದ್ದ ಹಸಿರು ಸೀರೆ ಉಟ್ಟು ಜಗಲಿಯ ಮೇಲೆ ಕೂತಿದ್ದಳು. ಮಗ ಹಿಂದೆಯೇ ಬರುತ್ತಾನೆಂದು ಕಾಣುತ್ತದೆ, ಪಕ್ಕದಲ್ಲಿ ಒಂದು ಚಾಪೆ ಹಾಸಿದ್ದಳು. ಸರ್ವಮಂಗಳ ಚಪ್ಪಲಿ ಬಿಟ್ಟು ಮೆಟ್ಟಿಲ ಮೇಲೆ ಕುಸಿದು ಕೂತಳು.

“ಮುಗೀತಾ?”

“ಮುಗೀತತ್ತೆ.”

“ಜೈಲಿಲ್ವಲ್ಲ?”

“ಇಲ್ಲ.”

“ಏನಂದ?”

“ತಪ್ಪಾತು ಅಂದ್ರು. ಬೇಷರತ್ ಕ್ಷಮೆ ಕೇಳ್ತೀನಿ ಅಂದ್ರು. ಅತ್ರು.”

ಮುದ್ದಕ್ಕನ ಕಣ್ಣು ದೊಡ್ಡದಾಯಿತು. “ಅತ್ನಾ? ನಮ್ಮ ಚಿತ್ರಲಿಂಗ?”

“ಕೈ ಮುಗುದು ಬಗ್ಗಿದ್ರು. ನೆಲಕ್ಕೆ ಹಣೆ ತಾಕಂಗೆ.”

“ಯಾರ್ಗೆ?”

ಪಾಲಯ್ಯ ಬಾಗಿಲ ಚೌಕಟ್ಟು ನೋಡುತ್ತಿದ್ದ. ನಿಮಗೇ ಅತ್ತೆ ಎಂದು ಒಂದು ಸುಳ್ಳು ಹೇಳಿದ್ದರೆ ಆ ಮುದುಕಿ ಆ ರಾತ್ರಿ ತುಂಬು ಲೋಟ ಮಜ್ಜಿಗೆ ಕುಡಿಯುತ್ತಿದ್ದಳು. ಸರ್ವಮಂಗಳ ಆ ಸುಳ್ಳನ್ನು ನಾಲಿಗೆಯ ತನಕ ತಂದಳು. ಅಷ್ಟು ಹೊಲಸು ನೋಡಿದ ಮೇಲೆ ಅದಕ್ಕೆ ಇನ್ನೊಂದು ಹಿಡಿ ಸೇರಿಸಲು ಅವಳಿಂದ ಆಗಲಿಲ್ಲ.

“ಜಡ್ಜ್ ಸಾಹೇಬ್ರಿಗೆ.”

ಮುದ್ದಕ್ಕ ಸೊಸೆಯ ಮುಖವನ್ನೇ ನೋಡಿದಳು, ಅರ್ಥವಾಗದವಳಂತೆ. ಆಮೇಲೆ ನಿಧಾನವಾಗಿ ಕೇಳಿದಳು.

“ಯಾಕೆ? ಸಾಹೇಬ್ರ ಹಿತ್ಲ ದಾರೀಗೂ ಗ್ವಾಡೆ ಕಟ್ಟಿದ್ನಾ?”